ಬೆಂಗಾವಲು

ಯುದ್ಧವೆಂದೊಡನೆ ನಮ್ಮ ಮನಸ್ಸಿನಲ್ಲಿ ಮೂಡುವ ಚಿತ್ರದಲ್ಲಿ ಸೇನಾಪತಿಗಳಿರುತ್ತಾರೆ, ಮಹಾನೌಕೆಗಳಿರುತ್ತವೆ, ಜಯಘೋಷವಿರುತ್ತದೆ. ಕಾವಲುಗಾರನಿಗೆ ಆ ಚಿತ್ರದಲ್ಲಿ ಎಡೆ ದೊರೆಯುವುದು ಕಡಮೆ. ಆದರೆ ನಮ್ಮ ಹಿರಿಯರು ಕಾವಲುಗಾರನ ಬೆಲೆಯನ್ನು ಚೆನ್ನಾಗಿ ಬಲ್ಲವರಾಗಿದ್ದರು. ಸರಕು ಹೇರಿದ ಗಾಡಿಗಳು ರಾತ್ರಿಯ ಹೊತ್ತು ಘಟ್ಟವನ್ನಿಳಿಯಬೇಕಾದಾಗ ಒಂಟಿಯಾಗಿ ಹೊರಡುತ್ತಿರಲಿಲ್ಲ. ಹತ್ತಾರು ಗಾಡಿಗಳು ಸಾಲುಗೂಡಿ, ದೀವಟಿಗೆ ಹಿಡಿದ ಆಳುಗಳನ್ನು ಜೊತೆಮಾಡಿಕೊಂಡು ಹೊರಡುತ್ತಿದ್ದವು. ಹೀಗೆ ಜೊತೆಬಂದು ಕಾಯುವ ಕೆಲಸಕ್ಕೆ ನಮ್ಮ ನುಡಿಯಲ್ಲಿ ‘ಬೆಂಗಾವಲು’ ಎಂಬ ಹಳೆಯ ಹೆಸರುಂಟು. ಬೆನ್ನ ಹಿಂದೆ ನಿಂತು ಕಾಯುವುದೆಂದು ಅದರ ಅರ್ಥ. ಮನೆಯ ಹೆಣ್ಣುಮಗಳನ್ನು ಅತ್ತೆಯ ಮನೆಗೆ ಕಳುಹಿಸುವಾಗ ಅಣ್ಣನೋ ಸೋದರಮಾವನೋ ಜೊತೆಯಲ್ಲಿ ಹೋಗುವುದೂ ಬೆಂಗಾವಲೇ. ಸಮುದ್ರದ ಮೇಲೆಯೂ ಇಂತಹ ಬೆಂಗಾವಲುಂಟು. ಈ ತಿಂಗಳು ಅಂತಹದೊಂದು ಪುಟ್ಟ ಹಡಗಿನ ಚರಿತ್ರೆಯನ್ನು ವಾಚಕರ ಮುಂದಿಡಬೇಕೆಂದು ನಮ್ಮ ಅಪೇಕ್ಷೆ. ಆ ಹಡಗಿನ ಹೆಸರು ‘ಬೆಂಗಾಲ್’.

ಸಮುದ್ರದ ಕಥೆ ನಮ್ಮ ಗೃಹಸ್ಥರಿಗೇಕೆ ಎಂದು ಕೆಲವರು ಕೇಳಬಹುದು. ಎರಡನೆಯ ಮಹಾಯುದ್ಧದ ಕಾಲವನ್ನು ಕಂಡಿದ್ದ ಅಜ್ಜಿಯರು ಈ ಪ್ರಶ್ನೆಯನ್ನು ಕೇಳುತ್ತಿರಲಿಲ್ಲ. ೧೯೪೨ರಲ್ಲಿ ಬರ್ಮಾದೇಶವು ಜಪಾನರ ಕೈವಶವಾಗಲು, ಅಲ್ಲಿಂದ ಬರುತ್ತಿದ್ದ ಅಕ್ಕಿಯೂ ನಿಂತಿತು, ಸೀಮೆಎಣ್ಣೆಯೂ ನಿಂತಿತು. ಅಂಗಡಿಯ ಮುಂದೆ ಸಾಲಾಗಿ ನಿಂತು ಅಳತೆಯ ಅಕ್ಕಿಯನ್ನು ತಂದದ್ದು, ಸಂಜೆ ಒಂದೇ ದೀಪದ ಸುತ್ತ ಮನೆಮಂದಿಯೆಲ್ಲ ಕುಳಿತದ್ದು ಎಷ್ಟೋ ಮನೆಗಳಲ್ಲಿ ಮೊಮ್ಮಕ್ಕಳವರೆಗೂ ಹೇಳಿಕೊಂಡು ಬಂದ ಮಾತು. ಹಿಂದೂ ಮಹಾಸಾಗರದ ಆಚೆಯ ದಡದಲ್ಲಿ ಒಂದು ಹಡಗು ಮುಳುಗಿದರೆ ಅದರ ನಷ್ಟವು ಈಚೆಯ ದಡದ ಅಡಿಗೆಮನೆಯವರೆಗೂ ಬಂದು ಮುಟ್ಟುತ್ತಿತ್ತು. ಅಕ್ಕಿ, ಗೋಧಿ, ಎಣ್ಣೆ, ಔಷಧಗಳನ್ನು ಹೊತ್ತು ತರುವ ವ್ಯಾಪಾರದ ಹಡಗುಗಳು ನಿಧಾನಗತಿಯವು. ಆತ್ಮರಕ್ಷಣೆಗೆ ಅವುಗಳಲ್ಲಿ ಒಂದು ತೋಪಿದ್ದರೆ ಅದೇ ಹೆಚ್ಚು. ಅವುಗಳನ್ನು ಕಾಯುವುದಕ್ಕೆಂದು ಚಿಕ್ಕ ಚಿಕ್ಕ ಯುದ್ಧನೌಕೆಗಳು ಬೇಕಾದವು. ಯುದ್ಧಾರಂಭದಲ್ಲಿ ಅಂತಹ ಹಡಗುಗಳು ಯಾರಲ್ಲಿಯೂ ಸಾಕಷ್ಟಿರಲಿಲ್ಲ. ನಮ್ಮ ದೇಶದ ನೌಕಾದಳದಲ್ಲಂತೂ ೧೯೩೯ರಲ್ಲಿ ಹಡಗುಗಳು ಬೆರಳೆಣಿಕೆಯಷ್ಟು. ಜನರು ಎರಡು ಸಾವಿರಕ್ಕೂ ಕಡಮೆ.

ಹೀಗಿರಲು, ಆಸ್ಟ್ರೇಲಿಯ ದೇಶದವರು ಒಂದು ಮಾದರಿಯನ್ನು ಗೊತ್ತುಮಾಡಿದರು. ದೊಡ್ಡ ಕಾರ್ಖಾನೆಗಳಿಲ್ಲದ ಬಂದರುಗಳಲ್ಲಿಯೂ ಕಟ್ಟಬಹುದಾದ ಸರಳವಾದ ಹಡಗು ಅದು. ಉದ್ದ ೧೮೬ ಅಡಿ, ಅಗಲ ೩೧ ಅಡಿ, ವೇಗ ಗಂಟೆಗೆ ಸುಮಾರು ೧೫ ನಾವಿಕ ಮೈಲಿ. ಶತ್ರುಗಳು ಸಮುದ್ರದಲ್ಲಿ ಹುದುಗಿಸಿಟ್ಟ ಸುರಂಗಗಳನ್ನು ತೆಗೆಯುವುದು ಅದರ ನಿಯತವಾದ ಕೆಲಸ. ಸಮಯ ಬಿದ್ದಾಗ ಬೆಂಗಾವಲಿಗೂ ಒದಗುವುದು. ‘ಬಾಥರ್ಸ್ಟ್’ ವರ್ಗವೆಂದು ಹೆಸರಾದ ಇಂತಹ ೬೦ ಹಡಗುಗಳು ಆಸ್ಟ್ರೇಲಿಯದಲ್ಲಿ ಕಟ್ಟಲ್ಪಟ್ಟವು. ಅವುಗಳಲ್ಲಿ ನಾಲ್ಕು ಭಾರತದ ನೌಕಾದಳಕ್ಕೆ ಬಂದವು. ಅಂದಿನ ನಾಲ್ಕು ಪ್ರಾಂತಗಳ ಹೆಸರನ್ನೇ ಅವಕ್ಕೆ ಇಟ್ಟರು: ಬಾಂಬೆ, ಮದ್ರಾಸ್, ಪಂಜಾಬ್ ಮತ್ತು ಬೆಂಗಾಲ್. ಸಿಡ್ನಿ ಬಂದರಿನ ಕಾಕಟೂ ದ್ವೀಪದ ಕಟ್ಟೆಯಲ್ಲಿ ೧೯೪೧ರ ಡಿಸೆಂಬರಿನಲ್ಲಿ ಬೆಂಗಾಲ್ ಹಡಗಿನ ಕೆಲಸ ಪ್ರಾರಂಭವಾಯಿತು. ೧೯೪೨ರ ಮೇ ೨೮ರಂದು ಅದು ನೀರಿಗಿಳಿಯಿತು. ಆಗಸ್ಟ್ ತಿಂಗಳಲ್ಲಿ ಸೇವೆಗೆ ಸಿದ್ಧವಾಯಿತು. ಅಲ್ಲಿಂದ ಭಾರತಕ್ಕೆ ಬರುವುದೇ ಅದರ ಮೊದಲ ದೀರ್ಘ ಪ್ರಯಾಣ. ಅದರ ಮುಖ್ಯವಾದ ಆಯುಧ ಮೂರು ಅಂಗುಲದ ಬಾಯಿಯ, ಹನ್ನೆರಡು ಪೌಂಡಿನ ಗುಂಡನ್ನು ಹಾರಿಸುವ ಒಂದೇ ಒಂದು ತೋಪು. ಉಳಿದಂತೆ ವಿಮಾನಗಳನ್ನು ಹೊಡೆಯುವ ಚಿಕ್ಕ ಬಂದೂಕುಗಳು.

ಭಾರತಕ್ಕೆ ಬರುವ ದಾರಿಯಲ್ಲಿಯೇ ಅದಕ್ಕೊಂದು ಕೆಲಸವನ್ನು ಒಪ್ಪಿಸಿದರು. ‘ಒಂಡಿನಾ’ ಎಂಬ ಡಚ್ಚರ ಎಣ್ಣೆಯ ಹಡಗು ಆಸ್ಟ್ರೇಲಿಯದ ಪಶ್ಚಿಮ ತೀರದ ಫ್ರಿಮ್ಯಾಂಟಲ್ ಬಂದರಿನಿಂದ ದಿಯೇಗೊ ಗಾರ್ಸಿಯ ದ್ವೀಪದ ಮಾರ್ಗವಾಗಿ ಪರ್ಷಿಯಾ ಕೊಲ್ಲಿಯ ಅಬಾದಾನಿಗೆ ಹೋಗಬೇಕಾಗಿತ್ತು. ಆರು ಸಾವಿರ ಟನ್ನುಗಳಿಗೆ ಮೇಲ್ಪಟ್ಟ ಹಡಗು. ವೇಗ ಹನ್ನೆರಡು ಮೈಲಿ ಮಾತ್ರ. ಕಪ್ತಾನ ವಿಲೆಮ್ ಹಾರ್ಸ್‌ಮನ್. ಅಧಿಕಾರಿಗಳು ಡಚ್ಚರು, ಖಲಾಸಿಗಳು ಚೀನೀಯರು. ಹಿಂಭಾಗದಲ್ಲಿ ನಾಲ್ಕು ಅಂಗುಲದ ಒಂದು ತೋಪು. ಅದಕ್ಕೆ ಇದ್ದ ಗುಂಡುಗಳು ಮೂವತ್ತೆರಡೇ. ತೋಪಿನ ತಂಡದಲ್ಲಿ ಬ್ರಿಟಿಷರು, ಡಚ್ಚರು, ಆಸ್ಟ್ರೇಲಿಯದವರು ಕೂಡಿದ್ದರು. ನವೆಂಬರ್ ೫ರಂದು ಈ ಎರಡು ಹಡಗುಗಳೂ ಜೊತೆಯಾಗಿ ಹೊರಟವು. ಬೆಂಗಾಲಿನ ನಾಯಕನು ಲೆಫ್ಟಿನೆಂಟ್ ಕಮಾಂಡರ್ ವಿಲಿಯಂ ಜೋಸೆಫ್ ವಿಲ್ಸನ್.

ಅದೇ ಸಮಯದಲ್ಲಿ ಅದೇ ಸಾಗರದಲ್ಲಿ ಜಪಾನರ ಎರಡು ಹಡಗುಗಳು ಬೇಟೆಗೆ ಹೊರಟಿದ್ದವು. ‘ಹೋಕೋಕು ಮಾರು’, ‘ಐಕೋಕು ಮಾರು’ ಎಂದು ಅವುಗಳ ಹೆಸರು. ದೇಶದ ಋಣವನ್ನು ತೀರಿಸುವುದು ಎಂದು ಮೊದಲನೆಯದಕ್ಕೂ, ದೇಶಪ್ರೇಮ ಎಂದು ಎರಡನೆಯದಕ್ಕೂ ಅರ್ಥವಂತೆ. ಯಾತ್ರಿಕರನ್ನೂ ಸರಕನ್ನೂ ಸಾಗಿಸುವುದಕ್ಕಾಗಿ ಕಟ್ಟಿದ ಹಡಗುಗಳು ಇವು. ಯುದ್ಧ ಬಂದಾಗ ತೋಪುಗಳನ್ನು ಕೂರಿಸಿ ದಾಳಿಯ ನೌಕೆಗಳಾಗಿ ಮಾರ್ಪಡಿಸಲ್ಪಟ್ಟಿದ್ದವು. ಒಂದೊಂದೂ ಹತ್ತು ಸಾವಿರ ಟನ್ನುಗಳಿಗೆ ಮೇಲ್ಪಟ್ಟದ್ದು. ವೇಗ ಇಪ್ಪತ್ತೊಂದು ಮೈಲಿ. ಐದೂವರೆ ಅಂಗುಲದ ಹಲವು ತೋಪುಗಳು, ಟಾರ್ಪೆಡೊಗಳು, ನೀರಿನ ಮೇಲಿಂದ ಹಾರುವ ವಿಮಾನಗಳು, ಇವೆಲ್ಲ ಅವುಗಳಲ್ಲಿದ್ದವು. ಅವುಗಳ ತೋಪಿನ ಒಂದು ಗುಂಡು ಸುಮಾರು ಎಂಬತ್ತು ಪೌಂಡು ತೂಗುತ್ತಿತ್ತು. ಆ ವರ್ಷದ ಮೇ ತಿಂಗಳಲ್ಲಿ ‘ಜೆನೋಟಾ’ ಎಂಬ ಡಚ್ ಎಣ್ಣೆಹಡಗನ್ನೂ, ಜುಲೈ ತಿಂಗಳಲ್ಲಿ ‘ಹೌರಾಕಿ’ ಎಂಬ ಇನ್ನೊಂದು ಹಡಗನ್ನೂ ಅವು ಸೆರೆಹಿಡಿದಿದ್ದವು. ಮುಳುಗಿಸುವುದಕ್ಕಿಂತ ಹಿಡಿದೊಯ್ಯುವುದು ಲಾಭದಾಯಕವಷ್ಟೆ.

ನವೆಂಬರ್ ೧೧ರ ಮಧ್ಯಾಹ್ನಕ್ಕೆ ಮುಂಚೆ, ಸುಮಾರು ಹನ್ನೊಂದು ಮುಕ್ಕಾಲರ ಹೊತ್ತಿಗೆ, ಕೋಕೋಸ್ ದ್ವೀಪಗಳಿಂದ ಬಹುದೂರ ನೈಋತ್ಯ ದಿಕ್ಕಿನಲ್ಲಿ, ಬೆಂಗಾಲಿನವರಿಗೆ ದೂರದಲ್ಲಿ ಒಂದು ಹಡಗು ಕಾಣಿಸಿತು. ಸ್ವಲ್ಪ ಹೊತ್ತಿನಲ್ಲಿ ಇನ್ನೊಂದು. ಎರಡೂ ಶತ್ರುವಿನವೆಂದು ಮನದಟ್ಟಾಯಿತು. ಸಹಾಯಕ್ಕೆ ಕರೆದರೆ ಬರುವ ಅಂತರದಲ್ಲಿ ಯಾರೂ ಇರಲಿಲ್ಲ. ಲೆಕ್ಕಶಾಸ್ತ್ರವು ಇಂತಹ ಸಂದರ್ಭದಲ್ಲಿ ಹೇಳುವ ಉತ್ತರ ಒಂದೇ: ಹನ್ನೆರಡು ಮೈಲಿಯ ಒಂಡಿನಾವೂ ಹದಿನೈದು ಮೈಲಿಯ ಬೆಂಗಾಲೂ ಇಪ್ಪತ್ತೊಂದು ಮೈಲಿಯ ಬೇಟೆಗಾರರಿಂದ ತಪ್ಪಿಸಿಕೊಳ್ಳಲಾರವು. ವಿಲ್ಸನ್ ಒಂಡಿನಾಕ್ಕೆ ದೂರ ಹೋಗುವಂತೆ ಸಂಜ್ಞೆ ಮಾಡಿದನು. ತನ್ನ ಹಡಗಿನ ಮೂತಿಯನ್ನು ನೇರವಾಗಿ ಶತ್ರುವಿನ ಕಡೆಗೆ ತಿರುಗಿಸಿದನು. ಅದುವರೆಗೂ ಬೆನ್ನ ಹಿಂದೆ ಇದ್ದ ಕಾವಲು ಈಗ ಎದೆಯೊಡ್ಡಿ ಮುಂದೆ ನಡೆಯಿತು. ಶತ್ರುವು ತನ್ನನ್ನು ಹೊಡೆಯುವುದರಲ್ಲಿ ತೊಡಗಿದಷ್ಟು ಹೊತ್ತು ಒಂಡಿನಾಕ್ಕೆ ಕೆಲವು ಮೈಲಿಗಳ ಅವಕಾಶ ದೊರೆಯಬಹುದೆಂಬುದಷ್ಟೆ ಅವನ ಲೆಕ್ಕ.

ಆದರೆ ಒಂಡಿನಾದ ಕಪ್ತಾನನೂ ಲೆಕ್ಕ ಬಲ್ಲವನು. ಓಡಿ ಪ್ರಯೋಜನವಿಲ್ಲವೆಂದು ಕಂಡು, ತನ್ನ ಮೂವತ್ತೆರಡು ಗುಂಡುಗಳನ್ನು ನಂಬಿ, ಅವನೂ ಹೋರಾಡುವುದಕ್ಕೆ ನಿಂತನು. ಮುಂದಿದ್ದ ಹೋಕೋಕು ಮಾರು ಗುಂಡಿನ ಮಳೆಗರೆಯಿತು. ಬೆಂಗಾಲ್ ಸುಮಾರು ಎರಡು ಮೈಲಿಯಷ್ಟು ಹತ್ತಿರಕ್ಕೆ ಹೋಗಿ ತನ್ನ ಚಿಕ್ಕ ತೋಪನ್ನು ಹಾರಿಸತೊಡಗಿತು. ಅತ್ತ ಒಂಡಿನಾದ ತೋಪೂ ಗರ್ಜಿಸುತ್ತಿತ್ತು. ಕೆಲವು ನಿಮಿಷಗಳು ಹೀಗೆಯೇ ಕಳೆದವು. ಅಷ್ಟರಲ್ಲಿ ಒಂದು ಗುಂಡು ಹೋಕೋಕು ಮಾರುವಿನ ಬಲಪಾರ್ಶ್ವದಲ್ಲಿ ಟಾರ್ಪೆಡೊಗಳನ್ನಿಟ್ಟಿದ್ದ ಸ್ಥಳಕ್ಕೆ ಬಡಿಯಿತು. ಮಹತ್ತಾದ ಸ್ಫೋಟವಾಯಿತು. ಬೆಂಕಿಯು ಹಡಗಿನ ಹಿಂಭಾಗವನ್ನೆಲ್ಲ ವ್ಯಾಪಿಸಿತು. ಸುಮಾರು ಒಂದು ಗಂಟೆಯ ತರುವಾಯ ಮದ್ದಿನ ಕೋಣೆಗೂ ಬೆಂಕಿ ತಗುಲಲು, ಹತ್ತು ಸಾವಿರ ಟನ್ನಿನ ಆ ಹಡಗು ಸಮುದ್ರದ ಪಾಲಾಯಿತು. ಅದರಲ್ಲಿದ್ದ ೩೫೪ ಮಂದಿಯಲ್ಲಿ ೭೬ ಮಂದಿ, ಕಪ್ತಾನ ಇಮಾಜಾತೋ ಸಹಿತವಾಗಿ, ಮಡಿದರು. ಅವರ ಮನೆಗಳಲ್ಲಿಯೂ ತಾಯಂದಿರು ದಾರಿ ಕಾಯುತ್ತಿದ್ದರೆಂಬುದನ್ನು ನಾವು ಮರೆಯಬಾರದು.

ಇಷ್ಟು ಚಿಕ್ಕ ಗುಂಡಿಗೆ ಅಷ್ಟು ದೊಡ್ಡ ಹಡಗು ಬಲಿಯಾದುದು ಹೇಗೆಂಬ ಪ್ರಶ್ನೆ ಸಹಜವಾಗಿದೆ. ಇದರಲ್ಲಿ ಪವಾಡವೇನೂ ಇಲ್ಲ. ಯುದ್ಧಕ್ಕೆಂದೇ ಕಟ್ಟಿದ ದೊಡ್ಡ ನೌಕೆಗೆ ದಪ್ಪನಾದ ಉಕ್ಕಿನ ಕವಚವಿರುತ್ತದೆ. ಮದ್ದುಗುಂಡುಗಳನ್ನು ನೀರಿನ ಮಟ್ಟದ ಕೆಳಗೆ ಭದ್ರವಾದ ಕೋಣೆಗಳಲ್ಲಿ ಇಡುತ್ತಾರೆ. ಯಾತ್ರಿಕರ ಹಡಗಿಗೆ ಕವಚವೆಲ್ಲಿಯದು? ಅದರ ತಗಡು ತೆಳುವಾದದ್ದು. ಟಾರ್ಪೆಡೊಗಳು ಬಯಲಿನಲ್ಲಿಯೇ ಇದ್ದವು. ವಿಮಾನಕ್ಕಾಗಿ ಪೆಟ್ರೋಲೂ ಇತ್ತು. ಮನೆಯ ತುಂಬ ಹುಲ್ಲು ಒಟ್ಟಿಕೊಂಡವನು ನೆರೆಮನೆಗೆ ಕೊಳ್ಳಿಯನ್ನೆಸೆಯಲು ಹೋದಂತಾಯಿತು. ದೂರದಿಂದಲೇ ಹೊಡೆದಿದ್ದರೆ ಆ ದಾಳಿಯ ನೌಕೆಗಳಿಗೆ ಅಪಾಯ ಕಡಮೆಯಾಗುತ್ತಿತ್ತು. ಹತ್ತಿರ ಬಂದುದು, ಎದುರಾಳಿಯು ಚಿಕ್ಕವನೆಂದು ಉದಾಸೀನ ಮಾಡಿದುದು, ಇವೇ ಅದರ ನಾಶಕ್ಕೆ ಮೂಲವೆಂದು ತೋರುತ್ತದೆ.

ಇಷ್ಟಕ್ಕೆ ಕಥೆ ಮುಗಿದಿದ್ದರೆ ಅದನ್ನು ಮಕ್ಕಳಿಗೆ ಹೇಳಿ ಮಲಗಿಸಬಹುದಾಗಿತ್ತು. ಆದರೆ ಇನ್ನೂ ಒಂದು ಹಡಗು ಉಳಿದಿತ್ತು. ಐಕೋಕು ಮಾರು ಈಗ ಇಬ್ಬರ ಮೇಲೆಯೂ ಗುಂಡು ಹಾರಿಸತೊಡಗಿತು. ಬೆಂಗಾಲಿಗೆ ಪೆಟ್ಟುಗಳು ತಗುಲಿದವು. ಅದರ ಗುಂಡುಗಳು ತೀರುತ್ತ ಬಂದವು. ಒಂಡಿನಾಕ್ಕೂ ಬೆಂಕಿ ಹತ್ತಿದುದು ಕಾಣಿಸಿತು. ಅದು ಇನ್ನು ಉಳಿಯಲಾರದೆಂದು ವಿಲ್ಸನ್ ನಿಶ್ಚಯಿಸಿದನು. ತೋಪಿಗೆ ಗುಂಡಿಲ್ಲದೆ ಅಲ್ಲಿ ನಿಂತು ತನ್ನವರನ್ನೂ ಕೊಲ್ಲಿಸುವುದರಲ್ಲಿ ಅರ್ಥವಿಲ್ಲವೆಂದು ಹೊಗೆಯ ಮರೆಯನ್ನು ಮಾಡಿಕೊಂಡು ದೂರ ಸರಿದನು. ನವೆಂಬರ್ ೧೭ರಂದು ಬೆಂಗಾಲ್ ದಿಯೇಗೊ ಗಾರ್ಸಿಯವನ್ನು ಸೇರಿತು. ಹಡಗಿಗೆ ಸಾಕಷ್ಟು ಹಾನಿಯಾಗಿತ್ತು. ಆದರೆ ಅದರಲ್ಲಿದ್ದವರಲ್ಲಿ ಒಬ್ಬನ ಪ್ರಾಣವೂ ಹೋಗಿರಲಿಲ್ಲ. ಒಂಡಿನಾವನ್ನು ಕಳೆದುಕೊಂಡೆವೆಂದು ಅವರು ವರದಿ ಮಾಡಿದರು.

ಒಂಡಿನಾದ ಮೇಲೆ ನಡೆದುದು ಬೇರೆ. ಗುಂಡುಗಳೆಲ್ಲ ತೀರಿದ ಮೇಲೆ ಕಪ್ತಾನ ಹಾರ್ಸ್‌ಮನ್ ತನ್ನವರಿಗೆ ಹಡಗನ್ನು ಬಿಟ್ಟು ದೋಣಿಗಳನ್ನೇರುವಂತೆ ಆಜ್ಞೆ ಮಾಡಿದನು. ಅವನಿಗೆ ಮಾತ್ರ ಇಳಿಯುವ ಯೋಗವಿರಲಿಲ್ಲ. ಗುಂಡಿನ ಚೂರು ತಗುಲಿ ಅಲ್ಲಿಯೇ ಪ್ರಾಣಬಿಟ್ಟನು. ಐಕೋಕು ಮಾರು ಸಮೀಪಕ್ಕೆ ಬಂದು ಎರಡು ಟಾರ್ಪೆಡೊಗಳನ್ನು ಹೊಡೆಯಿತು. ಹಡಗು ಒಂದು ಪಕ್ಕಕ್ಕೆ ಬಾಗಿತು. ಬಳಿಕ ದೋಣಿಗಳಲ್ಲಿದ್ದ ನಿರಾಯುಧರ ಮೇಲೆಯೂ ಯಂತ್ರಬಂದೂಕುಗಳಿಂದ ಗುಂಡು ಹಾರಿಸಿದರು. ಮುಖ್ಯ ಎಂಜಿನಿಯರನೂ ಇನ್ನು ಕೆಲವರೂ ಮಡಿದರು. ಶರಣಾಗತರನ್ನು ಹೊಡೆಯಬಾರದೆಂಬ ಧರ್ಮವು ಯಾವ ದೇಶದ ಕ್ಷತ್ರಿಯನಿಗೂ ತಿಳಿಯದ್ದಲ್ಲ. ತಮ್ಮ ಜೊತೆಯ ಹಡಗು ಕಣ್ಣೆದುರಿಗೇ ಹೊತ್ತಿ ಉರಿದ ಕ್ರೋಧವು ಅವರಿಗೆ ಆ ಧರ್ಮವನ್ನು ಮರೆಸಿರಬಹುದು. ಕ್ರೋಧವು ಕಾರಣವಾಗಬಹುದೇ ಹೊರತು ಸಮಾಧಾನವಾಗಲಾರದು.

ಐಕೋಕು ಮಾರು ನೀರಿನಲ್ಲಿದ್ದ ತನ್ನವರನ್ನು ಎತ್ತಿಕೊಂಡು, ಮರಳಿ ಬಂದು ಒಂಡಿನಾದ ಮೇಲೆ ಮತ್ತೊಂದು ಟಾರ್ಪೆಡೊವನ್ನು ಹೊಡೆಯಿತು. ಅದು ಗುರಿ ತಪ್ಪಿತು. ಹೇಗೂ ಮುಳುಗುವ ಹಡಗೆಂದು ತಿಳಿದು ಅದು ಹೊರಟುಹೋಯಿತು. ಹಡಗು ಮುಳುಗಲಿಲ್ಲ. ಎಣ್ಣೆಯನ್ನು ತುಂಬಿಸಿಕೊಳ್ಳುವುದಕ್ಕೆ ಹೋಗುತ್ತಿದ್ದುದರಿಂದ ಅದರ ತೊಟ್ಟಿಗಳು ಬರಿದಾಗಿದ್ದವು. ಎಣ್ಣೆಯಿದ್ದಿದ್ದರೆ ಹೊತ್ತಿ ಉರಿಯುತ್ತಿತ್ತು. ಬರಿದಾಗಿದ್ದುದರಿಂದ ಕೊಡವನ್ನು ಬೋರಲು ಮಾಡಿ ನೀರಿಗಿಳಿಸಿದಂತೆ ತೇಲಿತು. ದೋಣಿಗಳಲ್ಲಿದ್ದವರಿಗೆ ಈಗ ಧರ್ಮಸಂಕಟ ಒದಗಿತು. ಉರಿಯುತ್ತಿರುವ, ಬಾಗಿದ ಹಡಗನ್ನು ಮತ್ತೆ ಏರುವುದೇ? ಮೊದಲನೆಯ ಅಧಿಕಾರಿಯೂ ಕೆಲವು ಧೀರರೂ ಏರಿದರು, ಉಳಿದವರೂ ಹಿಂಬಾಲಿಸಿದರು. ಬೆಂಕಿಯನ್ನು ನಂದಿಸಿದರು. ಒಂದು ಪಕ್ಕದಲ್ಲಿ ನೀರು ತುಂಬಿದ್ದುದಕ್ಕೆ ಸರಿಯಾಗಿ ಇನ್ನೊಂದು ಪಕ್ಕದಲ್ಲಿಯೂ ನೀರನ್ನು ತುಂಬಿ ಹಡಗನ್ನು ನೆಟ್ಟಗೆ ಮಾಡಿದರು. ಎಂಜಿನುಗಳು ಕೆಟ್ಟಿರಲಿಲ್ಲ. ಗಾಯಾಳುಗಳನ್ನು ಉಪಚರಿಸುತ್ತ ಮರಳಿ ಪೂರ್ವಕ್ಕೆ ನಡೆದರು. ನವೆಂಬರ್ ೧೮ರಂದು, ಅಂದರೆ ಬೆಂಗಾಲ್ ದಡ ಸೇರಿದ ಮಾರನೆಯ ದಿನವೇ, ಒಂಡಿನಾ ಫ್ರಿಮ್ಯಾಂಟಲಿಗೆ ಬಂದು ಮುಟ್ಟಿತು. ಸತ್ತನೆಂದು ಸುದ್ದಿ ಬಂದಿದ್ದ ಮಗನು ಬಾಗಿಲು ತಟ್ಟಿದಾಗ ಮನೆಯವರಿಗೆ ಏನಾಗುವುದೆಂದು ನಮ್ಮ ವಾಚಕರಿಗೆ ಹೇಳಬೇಕಾಗಿಲ್ಲ.

ಈ ಯುದ್ಧದ ಫಲವಾಗಿ ವಿಲ್ಸನನಿಗೆ ಬ್ರಿಟಿಷರ ಶೌರ್ಯಪದಕವಾದ ಡಿ. ಎಸ್. ಓ. ದೊರೆಯಿತು. ಹಾರ್ಸ್‌ಮನ್ನನಿಗೆ ಡಚ್ಚರ ಅತ್ಯುನ್ನತ ಗೌರವವಾದ ವಿಲೆಮ್ ಸೈನಿಕ ಪದವಿಯು ಮರಣಾನಂತರ ಸಂದಿತು. ಹೋಕೋಕು ಮಾರುವನ್ನು ಕೆಡವಿದ ಆ ಒಂದು ಗುಂಡು ಯಾರದೆಂಬ ವಿವಾದ ಮಾತ್ರ ಬಹುಕಾಲ ನಡೆಯಿತು. ಬೆಂಗಾಲಿನದೆಂದು ಭಾರತೀಯರ ಬರಹಗಳು ಹೇಳಿದುವು. ಒಂಡಿನಾದ್ದೆಂದು ಡಚ್ಚರೂ ಆಸ್ಟ್ರೇಲಿಯದವರೂ ಹೇಳಿದರು. ನಾಲ್ಕು ಅಂಗುಲದ ತೋಪೇ ಹೆಚ್ಚು ಶಕ್ತಿಯುಳ್ಳದ್ದಾದುದರಿಂದ ಈಚಿನವರು ಹಲವರು ಒಂಡಿನಾದ ಪಕ್ಷವನ್ನೇ ಹಿಡಿದಿದ್ದಾರೆ. ನಮ್ಮ ದೇಶದ ಹಡಗೆಂಬ ಅಭಿಮಾನದಿಂದ ನಾವು ಇದನ್ನು ನಿರಾಕರಿಸಬೇಕಾದ ಕಾರಣವೇನೂ ಇಲ್ಲ. ಆ ಗುಂಡು ಒಂಡಿನಾದ್ದೇ ಆಗಿದ್ದರೂ, ಅದನ್ನು ಗುರಿಯಿಟ್ಟು ಹಾರಿಸುವುದಕ್ಕೆ ಬೇಕಾದ ನಿಮಿಷಗಳನ್ನು ಒದಗಿಸಿಕೊಟ್ಟವರಲ್ಲಿ ಬೆಂಗಾಲಿನವರೂ ಸೇರಿದ್ದಾರೆ. ಬೆಂಗಾವಲಿನ ಕೀರ್ತಿಯೆಲ್ಲ ಇಷ್ಟೇ. ಅದು ತಾನು ಹೊಡೆದ ಗುಂಡುಗಳಿಂದಲ್ಲ, ತಾನು ಕಾಯ್ದವರು ಮನೆ ಸೇರಿದರೋ ಇಲ್ಲವೋ ಎಂಬುದರಿಂದ ಅಳೆಯಲ್ಪಡತಕ್ಕದ್ದು.

ಹಾಗಾದರೆ ಇನ್ನೊಂದು ಪ್ರಶ್ನೆಯನ್ನು ತಪ್ಪಿಸಿಕೊಳ್ಳುವಂತಿಲ್ಲ. ಕಾಯಬೇಕಾದವನು ಕೊನೆಯಲ್ಲಿ ಬಿಟ್ಟುಹೋಗಬಹುದೇ? ಒಂಡಿನಾದ ದೋಣಿಗಳಲ್ಲಿ ಕುಳಿತವರಿಗೆ ಹೊಗೆಯಲ್ಲಿ ಮರೆಯಾದ ಬೆಂಗಾಲಿನ ನೆನಪು ಹಿತಕರವಾಗಿದ್ದಿರಲಾರದು. ಅವರ ನೋವನ್ನು ನಾವು ಅಲ್ಲಗಳೆಯಲಾರೆವು. ಆದರೆ ದಡದಲ್ಲಿ ಕುಳಿತು, ಎಲ್ಲವೂ ಮುಗಿದ ಎಂಬತ್ತು ವರ್ಷಗಳ ಮೇಲೆ, ತೀರ್ಪು ಹೇಳುವುದು ಸುಲಭ. ಒಂಡಿನಾ ಉಳಿಯಿತೆಂಬುದು ನಮಗೆ ತಿಳಿದಿದೆ. ವಿಲ್ಸನನಿಗೆ ಕಂಡದ್ದು ಬೆಂಕಿ ಮಾತ್ರ. ಮೊದಲು ಶತ್ರುವಿನ ಕಡೆಗೆ ತಿರುಗಿದವನೂ ಅವನೇ, ಕೊನೆಗೆ ದೂರ ಸರಿದವನೂ ಅವನೇ. ಮೊದಲನೆಯದರಲ್ಲಿ ತನ್ನವರ ಪ್ರಾಣವನ್ನು ಪಣವಾಗಿಟ್ಟನು, ಏಕೆಂದರೆ ಅದರಿಂದ ಒಂದು ಪ್ರಯೋಜನವಿತ್ತು. ಎರಡನೆಯದರಲ್ಲಿ ಇಡಲಿಲ್ಲ, ಏಕೆಂದರೆ ಪ್ರಯೋಜನವಿಲ್ಲವೆಂದು ತಿಳಿದನು. ಅವನು ತಿಳಿದದ್ದು ತಪ್ಪಾಗಿತ್ತು. ತಿಳಿದಂತೆ ನಡೆದದ್ದು ತಪ್ಪಲ್ಲವೆಂದು ನಮ್ಮ ಅಭಿಪ್ರಾಯ. ವಾಚಕರಲ್ಲಿ ಕೆಲವರಿಗೆ ಬೇರೆ ಅಭಿಪ್ರಾಯವಿದ್ದರೆ ನಾವು ಆಶ್ಚರ್ಯಪಡುವುದಿಲ್ಲ.

ಬೆಂಗಾಲ್ ದುರಸ್ತಿಯಾಗಿ ಮತ್ತೆ ತನ್ನ ಕೆಲಸಕ್ಕೆ ಹಿಂದಿರುಗಿತು. ಅಂತಹ ದಿನ ಅದರ ಜೀವಿತದಲ್ಲಿ ಮತ್ತೆ ಬರಲಿಲ್ಲ. ಬೆಂಗಾವಲಿನ ಕೆಲಸವು ಬಹುಮಟ್ಟಿಗೆ ಏನೂ ನಡೆಯದಂತೆ ನೋಡಿಕೊಳ್ಳುವ ಕೆಲಸವೇ ಆಗಿದೆ. ಐಕೋಕು ಮಾರುವನ್ನು ೧೯೪೪ರ ಫೆಬ್ರವರಿಯಲ್ಲಿ ಟ್ರುಕ್ ದ್ವೀಪದಲ್ಲಿ ಅಮೆರಿಕದ ವಿಮಾನಗಳು ನಾಶಮಾಡಿದುವು. ಯುದ್ಧ ಮುಗಿಯುವ ವೇಳೆಗೆ ಭಾರತದ ನೌಕಾದಳವು ಮೂವತ್ತು ಸಾವಿರದ ಸಮೀಪಕ್ಕೆ ಬೆಳೆದಿತ್ತು. ಸಟ್ಲೆಜ್, ಜಮ್ನಾ, ಗೋದಾವರಿ, ಕೃಷ್ಣಾ ಮೊದಲಾದ ನದಿಗಳ ಹೆಸರಿನ ಬೆಂಗಾವಲು ನೌಕೆಗಳು ಅದರಲ್ಲಿದ್ದವು. ನಮ್ಮ ಕೊಡಗಿನಲ್ಲಿ ಹುಟ್ಟುವ ಕಾವೇರಿಯ ಹೆಸರಿನದೂ ಒಂದಿತ್ತು. ಆದರೆ ಸಾಗರವನ್ನು ಕಾಯ್ದ ಈ ಜನಕ್ಕೆ ತಾಯ್ನಾಡಿನ ಬಂದರಿನಲ್ಲಿ ದೊರೆತ ಊಟ ಎಂತಹದು? ೧೯೪೬ರ ಫೆಬ್ರವರಿ ೧೮ರಂದು ಮುಂಬಯಿಯ ‘ತಲ್ವಾರ್’ ಎಂಬ ನೌಕಾಶಾಲೆಯ ನಾವಿಕರು ಕೆಟ್ಟ ಊಟವನ್ನೂ ಅವಮಾನದ ನಡವಳಿಕೆಯನ್ನೂ ಸಹಿಸಲಾರದೆ ಅನ್ನವನ್ನು ನಿರಾಕರಿಸಿದರು. ಅದು ಬೇಗನೆ ಅನೇಕ ಹಡಗುಗಳಿಗೆ ಹಬ್ಬಿ, ಪರರ ಆಳ್ವಿಕೆಯ ಬುಡವನ್ನೇ ಅಲುಗಿಸಿತು. ಕಾವಲುಗಾರನ ತಟ್ಟೆಯನ್ನು ನೋಡದ ಯಜಮಾನನಿಗೆ ಕಾವಲು ಬಹುದಿನ ಉಳಿಯುವುದಿಲ್ಲ.

ಸ್ವಾತಂತ್ರ್ಯಾನಂತರ ಬೆಂಗಾಲ್ ಭಾರತದ ಪಾಲಿಗೆ ಬಂದು ಕೆಲವು ವರ್ಷ ನಮ್ಮ ಧ್ವಜದಡಿಯಲ್ಲಿ ಇತ್ತು. ೧೯೬೦ರಲ್ಲಿ ಅದನ್ನು ಒಡೆದು ಕಬ್ಬಿಣವನ್ನು ಮಾರಿದರು. ಒಂಡಿನಾವೂ ದುರಸ್ತಿಯಾಗಿ, ಇನ್ನೂ ಹಲವು ವರ್ಷ ಎಣ್ಣೆ ಹೊತ್ತು, ೧೯೫೯ರಲ್ಲಿ ಒಡೆಯಲ್ಪಟ್ಟಿತು. ಜೊತೆಯಾಗಿ ಹೋರಾಡಿದ ಆ ಎರಡು ಹಡಗುಗಳ ಆಯುಸ್ಸು ಹೀಗೆ ಒಂದೇ ವರ್ಷದ ಅಂತರದಲ್ಲಿ ಮುಗಿಯಿತು. ಇಂದು ಅವುಗಳ ಗುರುತಿಗೆ ಸಾಗರದಲ್ಲಿ ಒಂದು ಗೆರೆಯೂ ಇಲ್ಲ. ನಮ್ಮ ಮನೆಗೆ ಬರುವ ಬೇಳೆಯಲ್ಲಿಯೂ ಎಣ್ಣೆಯಲ್ಲಿಯೂ ಒಂದು ಪಾಲು ಇಂದಿಗೂ ಆ ನೀರಿನ ಮೇಲೆಯೇ ಬರುತ್ತದೆ. ಅವುಗಳ ಜೊತೆಯಲ್ಲಿ ಯಾರು ಎಚ್ಚರವಾಗಿದ್ದರೆಂದು ನಾವು ಕೇಳುವುದಿಲ್ಲ. ಈ ತಿಂಗಳಾದರೂ, ರಾತ್ರಿ ಊಟವಾದ ಮೇಲೆ, ಮನೆಯ ಮಕ್ಕಳಿಗೆ ಈ ಪುಟ್ಟ ಹಡಗಿನ ಹೆಸರನ್ನು ಹೇಳಬೇಕೆಂದು ನಮ್ಮ ವಿನಂತಿ.